ಸರ್ಗೋಧದ ಬಾನಿನಲ್ಲಿ ಮರೆಯಾದ ಕೊಡಗಿನ ವೀರ

ಕಾಯಕದಲ್ಲಿ ನಿರತನಾದವನು ಫಲವನ್ನೆಣಿಸಲಾರನೆಂಬುದು ಶರಣರ ನಿಲುವು. ತನ್ನ ಕಾರ್ಯವನ್ನು ಲೋಕವು ಕಂಡಿತೇ ಇಲ್ಲವೇ ಎಂಬ ಚಿಂತೆಯೂ ಅವನಿಗಿಲ್ಲ. ಈ ಮಾತಿಗೆ ನಿದರ್ಶನವಾಗಿ ನಿಲ್ಲುವವರು ಸ್ಕ್ವಾಡ್ರನ್ ಲೀಡರ್ ಅಜ್ಜಮಾಡ ಬೋಪಯ್ಯ ದೇವಯ್ಯನವರು.

1932ರಲ್ಲಿ ಕೊಡಗಿನಲ್ಲಿ ಜನಿಸಿದ ದೇವಯ್ಯನವರು 1954ರಲ್ಲಿ ಭಾರತೀಯ ವಾಯುಪಡೆಯನ್ನು ಸೇರಿದರು. 1965ರ ಯುದ್ಧ ಆರಂಭವಾದಾಗ ಅವರು ಹಾರಾಟದ ಬೋಧಕರಾಗಿದ್ದರು. ಅದೇ ವರ್ಷ ಸೆಪ್ಟೆಂಬರ್ 7ರ ಮುಂಜಾನೆ ಪಾಕಿಸ್ತಾನದ ಸರ್ಗೋಧ ವಾಯುನೆಲೆಯ ಮೇಲಿನ ದಾಳಿಗೆ ಒಂದನೆಯ ಸ್ಕ್ವಾಡ್ರನ್ನಿನ ಮಿಸ್ಟೇರ್ ವಿಮಾನಗಳು ಆದಂಪುರದಿಂದ ಹೊರಟವು. ದೇವಯ್ಯನವರು ಆ ದಿನ ಕಾಯ್ದಿರಿಸಿದ ಚಾಲಕರಾಗಿದ್ದರು; ಆದರೂ ದಾಳಿಯಲ್ಲಿ ಸೇರಿಕೊಂಡರು. ಉಳಿದವರು ಮರಳಿದರು, ಅವರು ಮರಳಲಿಲ್ಲ. ಕಣ್ಣಾರೆ ಕಂಡ ಸಂಗಡಿಗರಿಲ್ಲದ ಕಾರಣ ದಾಖಲೆಯಲ್ಲಿ 'ಕಾಣೆಯಾದವರು' ಎಂದಷ್ಟೇ ಉಳಿಯಿತು.

ಈ ಮೌನವನ್ನು ಮುರಿದದ್ದು ಎದುರು ಪಕ್ಷದ ಕಡೆಯ ವೃತ್ತಾಂತ. ಬ್ರಿಟಿಷ್ ಲೇಖಕ ಜಾನ್ ಫ್ರಿಕರ್ 1979ರಲ್ಲಿ ಪ್ರಕಟಿಸಿದ ಗ್ರಂಥದಲ್ಲಿ ಪಾಕಿಸ್ತಾನದ ಸ್ಟಾರ್‌ಫೈಟರ್ ವಿಮಾನವೊಂದು ಆ ದಿನ ಮಿಸ್ಟೇರ್ ಒಂದರ ಗುಂಡಿಗೆ ಬಲಿಯಾದ ಸಂಗತಿ ಬಂದಿತು. ಸ್ಟಾರ್‌ಫೈಟರ್ ಶಬ್ದದ ಎರಡು ಪಟ್ಟು ವೇಗದ್ದು. ಮಿಸ್ಟೇರ್ ಅದಕ್ಕಿಂತ ಬಹು ನಿಧಾನದ್ದು. ಚಾಲಕ ಅಮ್ಜದ್ ಹುಸೇನ್ ಮೊದಲು ಮಿಸ್ಟೇರಿಗೆ ಪೆಟ್ಟು ನೀಡಿದರೂ, ಗಾಸಿಗೊಂಡ ಆ ವಿಮಾನವು ತಿರುಗಿ ಎರಗಿತು. ಹುಸೇನ್ ಧುಮುಕುಕೊಡೆಯಿಂದ ಬದುಕಿ ಉಳಿದರು.

ಆ ಮಿಸ್ಟೇರನ್ನು ನಡೆಸಿದವರು ಯಾರು? ಸರ್ಗೋಧದಿಂದ ಮರಳದೆ ಉಳಿದ ಮಿಸ್ಟೇರ್ ಚಾಲಕರು ದೇವಯ್ಯನವರೊಬ್ಬರೇ. ಹೀಗೆ ತರ್ಕವೇ ಉತ್ತರವನ್ನು ನೀಡಿತು. ಅಂದು ದಾಳಿಯ ಮುಂದಾಳಾಗಿದ್ದ ಓ. ಪಿ. ತನೇಜಾ ಅವರು ಈ ಸತ್ಯವನ್ನು ಸರಕಾರದ ಗಮನಕ್ಕೆ ತಂದರು. 1988ರಲ್ಲಿ, ಅಂದರೆ 23 ವರ್ಷಗಳ ಬಳಿಕ, ದೇವಯ್ಯನವರಿಗೆ ಮರಣೋತ್ತರ ಮಹಾವೀರ ಚಕ್ರ ಸಂದಿತು. ಪದಕವನ್ನು ಅವರ ಧರ್ಮಪತ್ನಿ ಸ್ವೀಕರಿಸಿದರು.

ಇಲ್ಲಿ ಮನನೀಯವಾದುದು ಎರಡು. ಗಾಯಗೊಂಡ ವಿಮಾನದಿಂದ ತಪ್ಪಿಸಿಕೊಳ್ಳಲು ಯತ್ನಿಸದೆ ತಿರುಗಿ ನಿಂತ ದೇವಯ್ಯನವರ ನಿಷ್ಠೆ ಮೊದಲನೆಯದು. ಮಡಿದ ಸಹೋದ್ಯೋಗಿಯ ಋಣವನ್ನು ಮರೆಯದೆ ಸತ್ಯಕ್ಕಾಗಿ ಬರೆದ ಮುಂದಾಳಿನ ನಡೆ ಎರಡನೆಯದು. ಕಾಯಕ ಮಾಡಿದವನು ಹೆಸರನ್ನು ಬಯಸದಿರಬಹುದು. ಆದರೆ ಅದನ್ನು ಕಂಡು ನೆನೆಯುವುದು ಉಳಿದವರ ಧರ್ಮ. ಮನೆಯ ಮಕ್ಕಳಿಗೆ ಈ ಕಥೆಯನ್ನು ಹೇಳುವಾಗ ಬಂಧುಗಳು ಈ ಎರಡನ್ನೂ ಕೂಡಿಸಿಯೇ ಹೇಳಬೇಕು.