ಅಣ್ಣಿಗೇರಿಯ ಹುಣಸೆ ಹುಚ್ಚ

ಕೀಲಿ ಕೊಡುವ ಒಂದು ಗಡಿಯಾರ, ಒಂದಿಷ್ಟು ದಾರ, ಒಂದು ಬಾಟಲಿ ನೀರು. ಇಷ್ಟೇ ಸಾಮಾನು ಇಟ್ಟುಕೊಂಡು ತನ್ನ ನಿದ್ದೆಯ ಮೇಲೆ ತಾನೇ ದಾಳಿ ಮಾಡಿಸಿಕೊಂಡ ಹುಡುಗನೊಬ್ಬ ನಮ್ಮ ಸೀಮೆಯಲ್ಲೇ ಇದ್ದನೆಂದರೆ ನಂಬುತ್ತೀರಾ?

ಅಲಾರಾಂ ಬಡಿದುಕೊಂಡರೂ ಎಚ್ಚರವಾಗದ ನಿದ್ದೆ ಅವನದು. ಬೇರೆಯವರಾದರೆ ಇನ್ನೂ ಜೋರಾಗಿ ಕೂಗುವ ಗಡಿಯಾರ ಹುಡುಕುತ್ತಿದ್ದರು. ಇವನು ಗಡಿಯಾರದ ಬೆನ್ನು ನೋಡಿದ! ಗಂಟೆ ಬಾರಿಸುವಾಗ ಹಿಂದಿನ ಕೀಲಿ ತಾನಾಗಿ ತಿರುಗುತ್ತದಲ್ಲ, ಅದಕ್ಕೆ ದಾರ ಕಟ್ಟಿದ. ದಾರದ ಇನ್ನೊಂದು ತುದಿಯನ್ನು ನೀರು ತುಂಬಿದ ಬಾಟಲಿಗೆ ಬಿಗಿದ. ಹೊತ್ತಾಯಿತು, ಗಂಟೆ ಹೊಡೆಯಿತು, ಕೀಲಿ ತಿರುಗಿತು, ದಾರ ಸುತ್ತಿಕೊಂಡಿತು, ಬಾಟಲಿ ವಾಲಿತು, ಮುಖದ ಮೇಲೆ ನೀರು ಸುರಿಯಿತು. ಎದ್ದ! ಇದನ್ನು ನೆನೆದಾಗಲೆಲ್ಲ ನನಗೆ ನಗು ಬರುತ್ತದೆ, ನಗುತ್ತಲೇ ಬೆರಗೂ ಆಗುತ್ತದೆ. ಸದ್ದು ಮಾಡಲೆಂದು ಸ್ಪ್ರಿಂಗಿನಲ್ಲಿ ತುಂಬಿಟ್ಟ ಬಲವನ್ನು ಇನ್ನೊಂದು ಕೆಲಸಕ್ಕೆ ಹೂಡಿದ ಉಪಾಯ ಅದು. ಎಂಜಿನಿಯರಿಂಗ್ ಅಂದರೆ ಮತ್ತೇನು?

ಹುಡುಗನ ಹೆಸರು ಅಬ್ದುಲ್ ಖಾದರ್ ನಡಕಟ್ಟಿನ. ಊರು ಧಾರವಾಡ ಜಿಲ್ಲೆಯ ಅಣ್ಣಿಗೇರಿ, ಆದಿಕವಿ ಪಂಪನ ನಂಟಿನ ಊರು. ಸವದತ್ತಿಯಿಂದ ನವಲಗುಂದದ ಮೇಲೆ ಹಾಯ್ದರೆ ಸಿಗುತ್ತದೆ. ಬೈಲಹೊಂಗಲ, ರಾಮದುರ್ಗದ ರೈತರು ಬಲ್ಲ ಅದೇ ಎರಿ ಭೂಮಿ: ಮಳೆ ಬಂದರೆ ಕಾಲು ಕೀಳಲಾಗದ ಕೆಸರು, ಬಾರದಿದ್ದರೆ ಕೈ ಹೋಗುವಷ್ಟು ಬಿರುಕು. 60 ಎಕರೆಯ ಮನೆತನ. ಹುಡುಗನಿಗೆ ಕೃಷಿ ಪದವಿ ಓದುವ ಆಸೆ, ತಂದೆ ತೋರಿಸಿದ್ದು ಹೊಲದ ದಾರಿ.

ಮೊದಲು ಮಾವು, ಚಿಕ್ಕು, ಬಾರಿ ಹಚ್ಚಿದರು. ನೀರು ಕೈಕೊಟ್ಟಿತು. ಬರಕ್ಕೆ ಬಗ್ಗದ ಹುಣಸೆಯ ಬೆನ್ನು ಹತ್ತಿದರು. ಹತ್ತಿದ್ದು ಹತ್ತಿದರು, ಗಿಡಗಳ ಲೆಕ್ಕ 1,800ರವರೆಗೆ ಹೋಯಿತು! ಊರವರು ಬಿಡುತ್ತಾರೆಯೇ? ‘ಹುಣಸೆ ಹುಚ್ಚ’ ಎಂದು ಹೆಸರಿಟ್ಟರು. ಫಸಲು ಬಂದಮೇಲೆ ಹೊಸ ತೊಡಕು. ಹುಣಸೆಹಣ್ಣಿನ ಬೀಜ ಬಿಡಿಸಿದ ಕೈಗೇ ಗೊತ್ತು ಆ ಅಂಟು, ಆ ನಾರು. ಉಪ್ಪಿನಕಾಯಿ, ಜಾಮ್ ಮಾಡಹೊರಟ ಮನೆಯಲ್ಲಿ ಅಷ್ಟು ರಾಶಿಯ ಮುಂದೆ ಕೂರುವವರು ಯಾರು? ಬೀಜ ಬೇರ್ಪಡಿಸುವ ಯಂತ್ರ ಹುಟ್ಟಿತು, ಅದರ ಬೆನ್ನಿಗೆ ಹುಣಸೆ ಹೆಚ್ಚುವ ಯಂತ್ರ. ಆಮೇಲೆ ಕೈ ನಿಲ್ಲಲೇ ಇಲ್ಲ! ಆಳ ಉಳುವ ನೇಗಿಲು, ಕಬ್ಬು ನೆಡುವ ಯಂತ್ರ, ಚಕ್ರದ ಟಿಲ್ಲರ್, ನೀರು ಕಾಯಿಸುವ ಬಾಯ್ಲರ್... ಹೀಗೆ 40ಕ್ಕೂ ಹೆಚ್ಚು.

ಇಷ್ಟರ ನಡುವೆ ನನ್ನ ಓಟು ಕೂರಿಗೆಗೆ. ಹಳೆಯ ಕೂರಿಗೆಯಲ್ಲಿ ಎತ್ತಿನ ಹಿಂದೆ ನಡೆಯುತ್ತಲೇ ಬಟ್ಟಲಿಗೆ ಮುಷ್ಟಿಯಿಂದ ಕಾಳು ಬಿಡಬೇಕು. ಕೈ ತುಸು ಬಿಗಿಯಾದರೆ ಸಾಲು ಬೋಳು, ಸಡಿಲಾದರೆ ಪೈರು ಒತ್ತೊತ್ತು. ನಡಕಟ್ಟಿನರ ಕೂರಿಗೆ ಬೀಜವನ್ನೂ ಗೊಬ್ಬರವನ್ನೂ ತಾನೇ ಬಿಡುತ್ತ ಹೋಗುತ್ತದೆ. ಹದ ಆರುವುದರೊಳಗೆ ಬಿತ್ತಿ ಮುಗಿಸಬೇಕಾದ ಎರಿ ಹೊಲದಲ್ಲಿ ಇದು ಸಣ್ಣ ಮಾತಲ್ಲ. ಮುಷ್ಟಿಯ ಅಂದಾಜನ್ನು ಕಬ್ಬಿಣಕ್ಕೆ ಕಲಿಸುವುದೆಂದರೆ ಹುಡುಗಾಟವೇ!

ಜಾತ್ರೆಯ ಸಾವಿನ ಬಾವಿಯಲ್ಲಿ ಬೈಕು ಓಡಿಸುವವನಿಗೆ ಚಪ್ಪಾಳೆ ಹೊಡೆಯುತ್ತೇವೆ. ಯಂತ್ರದ ಹುಚ್ಚಿಗೆ ಸಾಲ ಮಾಡಿ, ಹಿರಿಯರ ಭೂಮಿ ಮಾರಿ, ಮತ್ತೆ ಸುತ್ತಿಗೆ ಹಿಡಿದವರ ಎದೆಗಾರಿಕೆ ಅದಕ್ಕೇನು ಕಡಿಮೆ? ಚಪ್ಪಾಳೆ ಮಾತ್ರ ತಡವಾಗಿ ಬಂತು. ಗುಜರಾತಿನ ಗಾಂಧಿನಗರದಲ್ಲಿರುವ ರಾಷ್ಟ್ರೀಯ ನಾವೀನ್ಯತಾ ಪ್ರತಿಷ್ಠಾನ 2015ರಲ್ಲಿ ಜೀವಮಾನ ಸಾಧನೆ ಪ್ರಶಸ್ತಿ ಕೊಟ್ಟಿತು. 2022ರಲ್ಲಿ ಪದ್ಮಶ್ರೀ ಬಂತು, ತಳಮಟ್ಟದ ಆವಿಷ್ಕಾರಕ್ಕಾಗಿ.

ಬೈಲಹೊಂಗಲದ ಯಾವುದೋ ವೆಲ್ಡಿಂಗ್ ಅಂಗಡಿಯಲ್ಲಿ, ಕಿತ್ತೂರಿನ ಗ್ಯಾರೇಜಿನಲ್ಲಿ, ರಾಮದುರ್ಗದ ಕಮ್ಮಾರನ ಕುಲುಮೆಯ ಮುಂದೆ ಇಂಥ ಇನ್ನೊಬ್ಬರು ಕೂತಿರಬಹುದು. ಕಂಡರೆ ಅಡ್ಡಹೆಸರು ಇಡುವ ಮೊದಲು ಆ ಯಂತ್ರದ ಫೋಟೊ, ವಿವರವನ್ನು ಗಾಂಧಿನಗರದ ಪ್ರತಿಷ್ಠಾನಕ್ಕೆ ಕಳಿಸಿಕೊಡಿ. ಅಲ್ಲಿ ಪದವಿಪತ್ರ ಕೇಳುವುದಿಲ್ಲ.