ಡಿಸ್ಕ್ ಅಳಿದರೂ ಚಿತ್ರ ಉಳಿಯಲಿ

ಈ ಬಾರಿ ಮಳೆಗಾಲ ಮುಗಿದ ಮೇಲೆ ತರೀಕೆರೆಯ ಮನೆಯ ಅಟ್ಟದಲ್ಲಿದ್ದ ಟ್ರಂಕನ್ನು ತೆರೆದಾಗ, ಒಂದು ಕಾಲಕ್ಕೆ ಆಸೆಪಟ್ಟು ಕೊಂಡ ಸಿನಿಮಾ ಡಿಸ್ಕ್‌ಗಳಿಗೆ ಬೂಷ್ಟು ಹಿಡಿದಿತ್ತು. ‘ಭೂತಯ್ಯನ ಮಗ ಅಯ್ಯು’ ಚಿತ್ರದ ಮೊದಲ ವಿ.ಸಿ.ಡಿ. ಹೇಗೋ ಓಡಿತು, ಮುಂದಿನದು ಅರ್ಧದಲ್ಲಿಯೇ ನಿಂತಿತು. 1974ರಲ್ಲಿ ತೆರೆಕಂಡ ಆ ಚಿತ್ರದ ನಿರ್ದೇಶಕ ಸಿದ್ಧಲಿಂಗಯ್ಯನವರು ಹುಟ್ಟಿದ್ದು ತರೀಕೆರೆಯಲ್ಲಿಯೇ. ಹೆಸರಾಂತ ಚಿತ್ರವಾದ್ದರಿಂದ ಅದೇನೋ ಬೇರೆಡೆ ಸಿಕ್ಕೀತು. ಆದರೆ ಡಿಸ್ಕ್ ರೂಪದಲ್ಲಿ ಮಾತ್ರ ಹೊರಬಂದ ಯಕ್ಷಗಾನ, ನಾಟಕ, ಸಣ್ಣ ಚಿತ್ರಗಳ ಗತಿಯೇನು?

ಕಳೆದುಕೊಳ್ಳುವುದು ನಮಗೆ ಹೊಸತಲ್ಲ. ಕನ್ನಡದ ಮೊದಲ ವಾಕ್ಚಿತ್ರ ‘ಸತಿ ಸುಲೋಚನ’ 1934ರಲ್ಲಿ ತೆರೆಕಂಡಿತು. ಇಂದು ಅದರ ಒಂದು ಪ್ರತಿಯೂ ಉಳಿದಿಲ್ಲ. ಪುಣೆಯಲ್ಲಿ ರಾಷ್ಟ್ರೀಯ ಚಲನಚಿತ್ರ ಸಂಗ್ರಹಾಲಯ ಸ್ಥಾಪನೆಯಾದದ್ದು 1964ರಲ್ಲಿ, ಅಂದರೆ ಮೂವತ್ತು ವರ್ಷಗಳ ನಂತರ.

ಡಿಸ್ಕ್‌ಗಳ ಕಥೆ ಇನ್ನೂ ತ್ವರಿತವಾದದ್ದು. 2007ರ ಸುಮಾರಿಗೆ ಮೋಸರ್ ಬೇಯರ್ ಕಂಪನಿಯು ವಿ.ಸಿ.ಡಿ.ಯನ್ನು 28 ರೂಪಾಯಿಗೂ ಡಿ.ವಿ.ಡಿ.ಯನ್ನು 34 ರೂಪಾಯಿಗೂ ಮಾರಿ, ಸಿನಿಮಾವನ್ನು ಮಧ್ಯಮ ವರ್ಗದ ಕಪಾಟಿಗೆ ತಂದಿತು. 2018ರಲ್ಲಿ ಅದೇ ಕಂಪನಿಯ ಸಮಾಪನೆಗೆ ಆದೇಶವಾಯಿತು. ಮಾರುವವರು ಹೋದ ಮೇಲೆ ಹಾಳಾದ ಡಿಸ್ಕ್‌ಗೆ ಬದಲಿ ಸಿಗುವುದಿಲ್ಲ. ಹೊಸ ಕಂಪ್ಯೂಟರುಗಳಲ್ಲಿ ಡಿಸ್ಕ್ ಹಾಕುವ ಜಾಗವೂ ಅಪರೂಪವಾಗಿದೆ. ಡಿಸ್ಕ್‌ನ ಒಳಗಿನ ಅಲ್ಯೂಮಿನಿಯಂ ಪದರಕ್ಕೆ ತೇವ ತಗುಲಿದರೆ ಅದು ಕ್ರಮೇಣ ಮಂಕಾಗುತ್ತದೆ. ಮನೆಯಲ್ಲಿ ಬರೆದುಕೊಂಡ ಮದುವೆಯ ಡಿಸ್ಕ್‌ಗಳಲ್ಲಿ ಬಣ್ಣದ ಪದರವೇ ಮಾಸುತ್ತದೆ. ಮಲೆನಾಡಿನ ಅಂಚಿನ ಊರುಗಳಲ್ಲಿ ಈ ಅಪಾಯ ಹೆಚ್ಚು.

ಪರಿಹಾರ ದುಬಾರಿಯೇನಲ್ಲ. ಸಾಮಾನ್ಯ ಡಿ.ವಿ.ಡಿ.ಯೊಂದರಲ್ಲಿ 4.7 ಗಿಗಾಬೈಟ್ ಮಾಹಿತಿ ಹಿಡಿಯುತ್ತದೆ. ಒಂದು ಟೆರಾಬೈಟ್‌ನ ಹಾರ್ಡ್ ಡಿಸ್ಕ್‌ನಲ್ಲಿ ಅಂಥ ಇನ್ನೂರು ಡಿಸ್ಕ್‌ಗಳನ್ನು ಯಥಾವತ್ತಾಗಿ ಇಡಬಹುದು. ಮೊದಲು ಡಿಸ್ಕ್‌ನಲ್ಲಿರುವುದನ್ನು ಇದ್ದಂತೆಯೇ ನಕಲು ಮಾಡಿಕೊಳ್ಳಬೇಕು; ಕಿರಿದುಗೊಳಿಸುವುದೇನಿದ್ದರೂ ಆಮೇಲೆ. ಒಮ್ಮೆ ಕಿರಿದುಗೊಳಿಸಿ ಮೂಲವನ್ನು ಎಸೆದರೆ, ಕಳೆದುಹೋದ ಚಿತ್ರದ ಸ್ಪಷ್ಟತೆ ಮರಳಿ ಬಾರದು. ಎರಡು ಪ್ರತಿಗಳಿರಲಿ, ಅವು ಎರಡು ಮನೆಗಳಲ್ಲಿರಲಿ, ಕೊನೆಯವರೆಗೆ ಓಡುತ್ತವೆಯೇ ಎಂದು ನೋಡಿರಲಿ.

ಇದು ಕಾನೂನುಬದ್ಧವೇ ಎಂಬ ಪ್ರಶ್ನೆ ಸಹಜ. ಬಹುಪಾಲು ವಾಣಿಜ್ಯ ಡಿ.ವಿ.ಡಿ.ಗಳಿಗೆ ಗೂಢಲಿಪಿಯ ಬೀಗವಿರುತ್ತದೆ. 1999ರಲ್ಲಿ ಈ ಬೀಗವನ್ನು ತೆರೆಯುವ ತಂತ್ರಾಂಶವನ್ನು ಪ್ರಕಟಿಸಿದ ನಾರ್ವೆಯ ತರುಣನ ಮೇಲೆ ಮೊಕದ್ದಮೆ ನಡೆಯಿತು. ತಾನು ಕೊಂಡ ಡಿಸ್ಕ್ ನೋಡುವ ಹಕ್ಕು ಆತನಿಗಿದೆ ಎಂದು 2003ರಲ್ಲಿ ಅಲ್ಲಿನ ನ್ಯಾಯಾಲಯ ಆತನನ್ನು ದೋಷಮುಕ್ತಗೊಳಿಸಿತು. ನಮ್ಮ 1957ರ ಹಕ್ಕುಸ್ವಾಮ್ಯ ಕಾಯ್ದೆಗೆ 2012ರಲ್ಲಿ ತಂದ ತಿದ್ದುಪಡಿಯೂ ವಿವೇಕಯುತವಾದದ್ದೇ. ಕಲಂ 65ಎ ಪ್ರಕಾರ ಬೀಗ ಮುರಿಯುವುದು ಶಿಕ್ಷಾರ್ಹವಾಗುವುದು ಹಕ್ಕನ್ನು ಉಲ್ಲಂಘಿಸುವ ಉದ್ದೇಶವಿದ್ದಾಗ. ಖಾಸಗಿ ಇಲ್ಲವೇ ವೈಯಕ್ತಿಕ ಬಳಕೆಗಾಗಿ ಮಾಡುವ ನ್ಯಾಯಯುತ ಉಪಯೋಗಕ್ಕೆ ಕಲಂ 52 ಅವಕಾಶ ಕೊಡುತ್ತದೆ. ಕೊಂಡ ಡಿಸ್ಕ್‌ನ ಪ್ರತಿಯನ್ನು ಮನೆಯ ಮಟ್ಟಿಗೆ ಇಟ್ಟುಕೊಳ್ಳುವುದಕ್ಕೂ ಅದನ್ನು ಮಾರುವುದಕ್ಕೂ ಅಥವಾ ಹಂಚುವುದಕ್ಕೂ ಇರುವ ಗೆರೆ ಸ್ಪಷ್ಟವಾಗಿದೆ. ಆ ಗೆರೆಯನ್ನು ದಾಟಬಾರದು.

ಆದರೆ ವ್ಯಕ್ತಿಗೆ ದೊರೆತ ಈ ಸವಲತ್ತು ಸಮಾಜಕ್ಕೆ ದೊರೆತಿಲ್ಲ. ಅದೇ ಕಲಂನ ಇನ್ನೊಂದು ವಿನಾಯಿತಿಯಂತೆ, ಲಾಭೋದ್ದೇಶವಿಲ್ಲದ ಸಾರ್ವಜನಿಕ ಗ್ರಂಥಾಲಯವು ಸಂರಕ್ಷಣೆಗಾಗಿ ಕೃತಿಯೊಂದನ್ನು ವಿದ್ಯುನ್ಮಾನ ರೂಪದಲ್ಲಿ ಸಂಗ್ರಹಿಸಿಡಬಹುದು. ಆದರೆ ಅದರ ‘ಡಿಜಿಟಲ್ ಅಲ್ಲದ’ ಪ್ರತಿ ಗ್ರಂಥಾಲಯದಲ್ಲಿ ಮೊದಲೇ ಇರಬೇಕು. ಕಾಗದದ ಪುಸ್ತಕಕ್ಕೆ ಇದು ಸರಿ. ಡಿ.ವಿ.ಡಿ.ಯಾದರೋ ಹುಟ್ಟಿನಿಂದಲೇ ಡಿಜಿಟಲ್. ಅಕ್ಷರಶಃ ಓದಿದರೆ, ಕಣ್ಣೆದುರಿಗೆ ಹಾಳಾಗುತ್ತಿರುವ ಡಿಸ್ಕ್‌ಗೆ ಈ ವಿನಾಯಿತಿ ಅನ್ವಯಿಸುವುದಿಲ್ಲ. ಅಂಥ ಡಿಸ್ಕ್‌ನಿಂದ ಪ್ರತಿ ತೆಗೆಯಲು ಗ್ರಂಥಪಾಲಕರು ಹಿಂಜರಿದರೆ ಅವರನ್ನು ದೂರುವಂತಿಲ್ಲ. ಕಡತ ನೋಡಿ ಬದುಕಿದವರಿಗೆ ಆ ಹಿಂಜರಿಕೆ ಅರ್ಥವಾಗುತ್ತದೆ.

ಅರ್ಥಶಾಸ್ತ್ರದ ದೃಷ್ಟಿಯಿಂದ ನೋಡಿದರೆ, ಸಂರಕ್ಷಣೆಯ ವೆಚ್ಚ ಒಬ್ಬರದು, ಫಲ ಎಲ್ಲರದು. ಇಂಥ ಕಾರ್ಯವನ್ನು ಮಾರುಕಟ್ಟೆಗೆ ಬಿಟ್ಟರೆ ಅದು ಗಿಟ್ಟುವ ಚಿತ್ರವನ್ನಷ್ಟೇ ಉಳಿಸುತ್ತದೆ. ಚಲನಚಿತ್ರದ ಹಕ್ಕುಸ್ವಾಮ್ಯ ಪ್ರಕಟಣೆಯ ನಂತರ ಅರವತ್ತು ವರ್ಷ ಇರುತ್ತದೆ. ಬಳಿಕ ಅದು ಸಾರ್ವಜನಿಕರ ಸ್ವತ್ತು. ಅಷ್ಟರಲ್ಲಿ ಓಡುವ ಪ್ರತಿಯೇ ಉಳಿಯದಿದ್ದರೆ ಆ ಸ್ವತ್ತಿಗೆ ಅರ್ಥವೇನು? ‘ಡಿಜಿಟಲ್ ಅಲ್ಲದ’ ಎಂಬ ಮಾತನ್ನು ಕೈಬಿಡಲು ಸಂಸತ್ತಿಗೆ ಕಷ್ಟವಾಗಬೇಕಿಲ್ಲ. ಅದಕ್ಕೆ ಸಮಯ ಹಿಡಿದೀತು. ಅಲ್ಲಿಯವರೆಗೆ ನಮ್ಮ ನಮ್ಮ ಟ್ರಂಕುಗಳನ್ನಾದರೂ ಮುಂದಿನ ಮಳೆಗಾಲಕ್ಕೆ ಮುನ್ನ ತೆರೆದು ನೋಡುವುದು ಒಳಿತು.