ತಿಂಡಿಯ ಬೀದಿಯೂ ಊಟದ ಜಗಲಿಯೂ

ಒಂದು ಊರನ್ನು ಅರಿಯಬೇಕಾದರೆ ಅಲ್ಲಿಯ ದೇವಾಲಯವನ್ನು ನೋಡಬೇಕು, ಅಲ್ಲಿಯ ಶಾಸನವನ್ನು ಓದಬೇಕು ಎಂದು ನಮ್ಮ ಹಿರಿಯರು ಹೇಳುತ್ತಿದ್ದರು. ಅಲ್ಲಿಯ ಬೀದಿಯಲ್ಲಿ ನಿಂತು ತಿನ್ನಬೇಕು ಎಂದು ಈಗಿನ ಪ್ರವಾಸಿ ಹೇಳುತ್ತಾನೆ. ಬೀದಿಯಲ್ಲಿ ನಿಂತು ತಿನ್ನುವುದು ಅನಾಚಾರವೆಂದು ಗದರಿಸಿಕೊಂಡು ಬೆಳೆದ ತಲೆಮಾರಿನವರಿಗೆ ಈ ಮಾತು ಸ್ವಲ್ಪ ವಿಚಿತ್ರವಾಗಿ ಕೇಳಿಸಬಹುದು. ಆದರೂ ಇದನ್ನು ನಕ್ಕು ತಳ್ಳಿಬಿಡುವಂತಿಲ್ಲ. ಕಲ್ಲಿನ ಗುಡಿ ಊರಿನ ಗತವೈಭವವನ್ನು ಹೇಳುತ್ತದೆ. ಬಾಣಲೆಯ ಮುಂದೆ ಕುಳಿತವನು ಊರಿನ ಈ ಹೊತ್ತಿನ ಬದುಕನ್ನು ಹೇಳುತ್ತಾನೆ.

ವಿಯೆಟ್ನಾಮಿನ ನಡುನಾಡಿನ ಕರಾವಳಿಗೆ ಸಮೀಪದಲ್ಲಿ ಹೊಯಿ ಆನ್ ಎಂಬ ಸಣ್ಣ ಪಟ್ಟಣವಿದೆ. ಥು ಬೋನ್ ನದಿಯ ದಡದ ಈ ಹಳೆಯ ರೇವುಪಟ್ಟಣದಲ್ಲಿ 16 ಮತ್ತು 17ನೆಯ ಶತಮಾನಗಳಲ್ಲಿ ಜಪಾನ್ ಮತ್ತು ಚೀನಾ ದೇಶಗಳ ವರ್ತಕರು ನೆಲೆಸಿದ್ದರು. 1999ರಲ್ಲಿ ಇದು ವಿಶ್ವಪರಂಪರೆಯ ತಾಣಗಳ ಪಟ್ಟಿಗೆ ಸೇರಿತು. ಅಲ್ಲಿಗೆ ಹೋದವರು ಅಲ್ಪ ಹಣ ಕೊಟ್ಟು, ಊರಿನ ತರುಣನೊಬ್ಬನನ್ನು ಮುಂದಿಟ್ಟುಕೊಂಡು, ಗಲ್ಲಿಗಲ್ಲಿಯ ಗಾಡಿಗಳ ಮುಂದೆ ಗೇಣೆತ್ತರದ ಮಣೆಗಳ ಮೇಲೆ ಕುಳಿತು ತಿನ್ನುತ್ತಾ ನಡೆಯುತ್ತಾರೆ. ಕಾವ್ ಲಾವ್ ಎಂಬ ದಪ್ಪ ಶಾವಿಗೆಯ ತಿನಿಸಿಗೆ ಚಾಮರ ಕಾಲದ ಒಂದು ಬಾವಿಯ ನೀರೇ ಆಗಬೇಕೆಂದು ಅಲ್ಲಿಯವರ ನಂಬಿಕೆ. ಬಾನ್ ಮಿ ಎಂಬುದು ಫ್ರೆಂಚರು ತಂದ ರೊಟ್ಟಿ. ಆಳಲು ಬಂದವರು ಹೋದರು, ರೊಟ್ಟಿ ಉಳಿದು ಬೀದಿಯವರ ಸ್ವಂತದ್ದಾಯಿತು. ಆ ಊರಿಗೆ ಅನತಿ ದೂರದ ಮಿ ಸನ್ ಎಂಬಲ್ಲಿ 4ನೆಯ ಶತಮಾನದ ಕೊನೆಯ ಹೊತ್ತಿಗೆ ಚಂಪಾದ ಅರಸ ಭದ್ರವರ್ಮನು ಭದ್ರೇಶ್ವರನೆಂಬ ಶಿವನನ್ನು ಪ್ರತಿಷ್ಠಿಸಿದನು. 1171ರಲ್ಲಿ ಬಮ್ಮವೆ ನಾಯಕಿತಿ ಕಟ್ಟಿಸಿದ ಬ್ರಹ್ಮೇಶ್ವರನ ಗುಡಿಯಿರುವ ಕಿಕ್ಕೇರಿಯವನಾದ ನನಗೆ ಈ ಹೆಸರು ಪರಕೀಯವೆನಿಸುವುದಿಲ್ಲ.

ಆದರೆ ಅಷ್ಟು ದೂರ ಹೋಗಿಬರುವ ಚೈತನ್ಯ ಅಧ್ಯಾಪಕನ ಜೇಬಿಗೆ ಎಲ್ಲಿಂದ ಬರಬೇಕು? ಅದೃಷ್ಟವಶಾತ್ ಇಂಥ ನಡಿಗೆಗಳು ಈಗ ನಮ್ಮ ಬೆಂಗಳೂರು, ಮೈಸೂರುಗಳಲ್ಲಿಯೂ ನಡೆಯುತ್ತಿವೆ. ಕೆಲವು ನೂರು ರೂಪಾಯಿ ಕೊಟ್ಟರೆ ತಿಂಡಿಯ ಬೆಲೆಯೂ, ವಿವರಣೆಯ ಬೆಲೆಯೂ ಅದರಲ್ಲಿಯೇ ಅಡಗಿರುತ್ತದೆ. ಕಳೆದ ಮಾಗಿಯ ಒಂದು ಸಂಜೆ ಮೈಸೂರಿನಲ್ಲಿ ಅಂಥ ಒಂದು ತಂಡವನ್ನು ನಾನೂ ಸೇರಿಕೊಂಡೆ. ಪುಣೆಯಿಂದ ಬಂದ ದಂಪತಿಗಳು, ಬೆಂಗಳೂರಿನ ಮೂವರು ತರುಣರು, ಯೂರೋಪಿನ ಒಬ್ಬ ಮಧ್ಯವಯಸ್ಸಿನ ಮಹಿಳೆ ಮತ್ತು ನಾನು. ಇಷ್ಟು ಜನರಿಗೆ ದಾರಿ ತೋರಲು ಕಾಲೇಜಿನಲ್ಲಿ ಓದುತ್ತಿದ್ದ ಒಬ್ಬ ಹುಡುಗಿ.

ನಾಲ್ವಡಿ ಕೃಷ್ಣರಾಜ ಒಡೆಯರ ಆಳ್ವಿಕೆಯ ಬೆಳ್ಳಿಹಬ್ಬದ ನೆನಪಿಗೆ 1927ರಲ್ಲಿ ಎದ್ದ ದೊಡ್ಡ ಗಡಿಯಾರದ ಬುಡದಿಂದ ನಾವು ಹೊರಟೆವು. ದೇವರಾಜ ಮಾರುಕಟ್ಟೆಯಲ್ಲಿ ಆಕೆ ಮೊದಲು ತಿನ್ನಿಸಲಿಲ್ಲ, ಮೂಸಿಸಿದಳು. ಮಲ್ಲಿಗೆಯ ದಂಡೆ, ಮೈಸೂರು ವೀಳ್ಯದೆಲೆಯ ಕಟ್ಟು, ಕೊತ್ತಂಬರಿಯ ರಾಶಿ. ಬಳಿಕ ನಂಜನಗೂಡಿನ ರಸಬಾಳೆಯ ಒಂದೊಂದು ಹಣ್ಣು. ಶತಮಾನ ದಾಟಿದ ಈ ಮಾರುಕಟ್ಟೆಯ ಒಂದು ಭಾಗ 2016ರಲ್ಲಿ ಕುಸಿದು ಬಿದ್ದುದನ್ನೂ, ಕೆಡವಿ ಕಟ್ಟಬೇಕೇ ಉಳಿಸಿಕೊಂಡು ದುರಸ್ತಿ ಮಾಡಬೇಕೇ ಎಂಬ ವಾದ ನ್ಯಾಯಾಲಯದವರೆಗೆ ಹೋದುದನ್ನೂ ಆಕೆ ಮರೆಮಾಚದೆ ಹೇಳಿದಳು. ಸಯ್ಯಾಜಿರಾವ್ ರಸ್ತೆಗೆ ಬಂದು ಮೈಸೂರು ಪಾಕಿನ ತುಣುಕನ್ನು ಕೈಗಿಟ್ಟಾಗ ಅರಮನೆಯ ಬಾಣಸಿಗ ಕಾಕಾಸುರ ಮಾದಪ್ಪನವರ ಕಥೆ ಬಂತು. ನಾಲ್ವಡಿಯವರ ತಟ್ಟೆಗೆಂದು ಕಡಲೆಹಿಟ್ಟು, ತುಪ್ಪ, ಸಕ್ಕರೆಗಳನ್ನು ಕೂಡಿಸಿ ಆತ ಮಾಡಿದ ಹೊಸ ಸಿಹಿಗೆ ಹೆಸರಿರಲಿಲ್ಲವಂತೆ. ಒಡೆಯರು ಕೇಳಿದಾಗ ಹೊಳೆದ ಹೆಸರೇ ಇಂದಿಗೂ ನಿಂತಿದೆಯೆಂದು ಪ್ರತೀತಿ. ಅರಮನೆಯ ಹೊಸ್ತಿಲು ದಾಟಿ ಬೀದಿಗೆ ಬಂದುದರಿಂದಲೇ ಆ ಸಿಹಿ ಬದುಕಿತು ಎಂಬುದನ್ನು ನಾವು ಮರೆಯಬಾರದು.

ಆಮೇಲೆ ಬೆಣ್ಣೆ ಸವರಿದ ದೋಸೆ, ಮೆಣಸಿನಕಾಯಿ ಬಜ್ಜಿ, ಸೌತೆಕಾಯಿಯ ಹೋಳುಗಳ ಮೇಲೆ ಉಪ್ಪು ಖಾರ, ಕಾಗದದ ಪೊಟ್ಟಣದಲ್ಲಿ ಚುರುಮುರಿ. ಪ್ರತಿಯೊಂದು ಗಾಡಿಯ ಮುಂದೆಯೂ ಆ ಹುಡುಗಿ ವ್ಯಾಪಾರಿಯನ್ನು "ಅಣ್ಣ", "ಅಕ್ಕ" ಎಂದು ಕರೆದು ಮಾತನಾಡಿಸಿಯೇ ತಿಂಡಿಗೆ ಕೈಯೊಡ್ಡುತ್ತಿದ್ದಳು. ಇವರಿಗೆ ಬೀದಿಯಲ್ಲಿ ನಿಲ್ಲುವ ಹಕ್ಕಿದೆಯೆಂದು 2014ರ ಬೀದಿಬದಿ ವ್ಯಾಪಾರಿಗಳ ಕಾಯಿದೆ ಹೇಳುತ್ತದೆ. ಹಕ್ಕನ್ನು ಕಾಯಿದೆ ಕೊಡಬಹುದು. ಮರ್ಯಾದೆಯನ್ನು ತಿನ್ನುವವರೇ ಕೊಡಬೇಕು. ಈ ನಡಿಗೆಯ ದೊಡ್ಡ ಗುಣ ನನಗೆ ಇಲ್ಲಿ ಕಂಡಿತು. ದುಡ್ಡೆಸೆದು ಪೊಟ್ಟಣ ಕಿತ್ತುಕೊಂಡು ಹೋಗುವವರ ನಡುವೆ, ಒಂದು ಗಳಿಗೆ ನಿಂತು ಹೆಸರು ಊರು ಕೇಳುವ ಜನ ಇವರಿಗೆ ಸಿಕ್ಕರು.

ಕನ್ನಡ ಪಾಠ ಹೇಳುವವನಿಗೆ ಇಂಥ ಹೊತ್ತಿನಲ್ಲಿ ಹಳೆಯ ಗ್ರಂಥಗಳು ನೆನಪಾಗುವುದು ಸಹಜ. 10ನೆಯ ಶತಮಾನದ ವಡ್ಡಾರಾಧನೆಯಲ್ಲಿ ಇಡ್ಡಲಿಗೆ ಬರುತ್ತದೆ. 11ನೆಯ ಶತಮಾನದ ಚಾವುಂಡರಾಯನ ಲೋಕೋಪಕಾರದಲ್ಲಿ ಅಡುಗೆಗೇ ಒಂದು ಅಧ್ಯಾಯ ಮೀಸಲಾಗಿದೆ. ಚಾಲುಕ್ಯ ಚಕ್ರವರ್ತಿ ಮೂರನೆಯ ಸೋಮೇಶ್ವರನ ಸಂಸ್ಕೃತ ಮಾನಸೋಲ್ಲಾಸ ಅನ್ನಭೋಗವನ್ನು ರಾಜನ ಭೋಗಗಳಲ್ಲಿ ಒಂದೆಂದು ಎಣಿಸುತ್ತದೆ. 16ನೆಯ ಶತಮಾನದ ಆರಂಭದಲ್ಲಿದ್ದ ಮೂರನೆಯ ಮಂಗರಸ ಷಟ್ಪದಿಯಲ್ಲಿ ಸೂಪಶಾಸ್ತ್ರವನ್ನೇ ಬರೆದನು. ಅವನೂ ಕಲ್ಲಹಳ್ಳಿಯ ಪ್ರಭು. ಈ ಗ್ರಂಥಗಳಲ್ಲಿ ರುಚಿಯ ಸೂಕ್ಷ್ಮವಿದೆ, ಒಗ್ಗರಣೆಯ ಪರಿಮಳವಿದೆ. ಆದರೆ ಇವು ಬಹುಮಟ್ಟಿಗೆ ಉಂಡವರು ಬರೆದ ಶಾಸ್ತ್ರಗಳು. ಬೆಳೆದವರ, ಬೀಸಿದವರ, ಬೀದಿಯಲ್ಲಿ ಮಾರಿದವರ ಮಾತು ಇವುಗಳಲ್ಲಿ ವಿರಳ. ಆ ಮಾತನ್ನು ಕೇಳಬೇಕಾದರೆ ಬೀದಿಗೇ ಹೋಗಬೇಕು.

ನನಗೆ ಅದು ಕೇಳಿದ್ದು ನಡಿಗೆಯ ಕೊನೆಯ ಹಂತದಲ್ಲಿ. ಚಿಕ್ಕ ಗಡಿಯಾರದ ಸಮೀಪ ಬೇಯಿಸಿದ ಕಡಲೆಕಾಯಿಯ ಮಂಕರಿಯನ್ನು ಮುಂದಿಟ್ಟುಕೊಂಡು ಒಬ್ಬ ಮುದುಕಿ ಕುಳಿತಿದ್ದಳು. ನಾನು ಬೆಲೆ ಕೇಳಿದ ಒಡನೆಯೇ ಆಕೆ ತಲೆಯೆತ್ತಿದಳು. "ನಿಮ್ದು ಪ್ಯಾಟೆ ಮಾತಲ್ಲ ಸ್ವಾಮಿ. ಯಾವ ಕಡೆಯೋರು?" ಎಂದಳು. ಕಿಕ್ಕೇರಿ ಎಂದೆ. "ಅಂಗನ್ನಿ. ನಮ್ದೂ ಕೆ.ಆರ್. ಪೇಟೆ ಸೀಮೇನೆ" ಎಂದು ಸೇರಿಗೆ ಮೇಲೊಂದು ಹಿಡಿ ಹಾಕಿದಳು.

ಆ ಯೂರೋಪಿನ ಮಹಿಳೆ ಹುಡುಗಿಯ ಕಡೆ ತಿರುಗಿ, ಈ ಸೀಮೆಯ ರೈತರು ದಿನವೂ ಇವನ್ನೇ ತಿನ್ನುತ್ತಾರೆಯೇ ಎಂದು ವಿಚಾರಿಸಿದಳು. ಹುಡುಗಿ ಅದನ್ನು ಕನ್ನಡದಲ್ಲಿ ಮುದುಕಿಗೆ ಹೇಳಿದಳು. ಮುದುಕಿಗೆ ನಗು ತಡೆಯಲಾಗಲಿಲ್ಲ.

"ಇದನ್ನ ಉಣ್ಣಾಕಾದದಾ ಮಗ? ಇದು ಬಾಯಾಡ್ಸೋದು. ಉಣ್ಣೋದು ಹಿಟ್ಟು. ಅದು ಮನೇಲಿ."

"ಹಾಗಾದರೆ ಹಿಟ್ಟನ್ನೇ ಯಾಕೆ ಮಾರಬಾರದು ಅವ್ವಾ?" ಎಂದು ನಾನು ಕೇಳಿದೆ.

"ನಿಂತ್ಕಂಡು ಉಣ್ಣೋರ್ಗೆ ಹಿಟ್ಟು ಇಕ್ಕಾಕಾದದಾ ಸ್ವಾಮಿ? ಕುಂತ್ಕಬೇಕು. ಸಾರು ಬುಡ್ಬೇಕು. ಸಾಕಾ ಬೇಕಾ ಅಂತ ಕೇಳೋರು ಒಬ್ರು ಇರ್ಬೇಕು."

ಆಕೆಯ ಪಕ್ಕದಲ್ಲಿ ಬಟ್ಟೆಯಲ್ಲಿ ಕಟ್ಟಿದ ಒಂದು ಡಬ್ಬಿಯಿತ್ತು. ಅದರಲ್ಲಿ ಏನಿದೆಯೆಂದು ಯಾರೂ ಕೇಳಲಿಲ್ಲ, ಕೇಳಬೇಕಾಗಿಯೂ ಇರಲಿಲ್ಲ.

ನಮ್ಮ ಸೀಮೆಯಲ್ಲಿ ಮುದ್ದೆಗೆ ಹಿಟ್ಟು ಎಂದೇ ಹೆಸರು. ಆ ಸಂಜೆ ನಾವು ತಿಂದ ಏಳೆಂಟು ಬಗೆಯ ತಿನಿಸುಗಳಲ್ಲಿ ರಾಗಿ ಒಂದರಲ್ಲಿಯೂ ಇರಲಿಲ್ಲ. ಮಂಡ್ಯ, ಮೈಸೂರು, ಹಾಸನ ಜಿಲ್ಲೆಗಳ ಒಕ್ಕಲು ಮಕ್ಕಳನ್ನು ತಲೆತಲಾಂತರದಿಂದ ಸಾಕಿದ ಧಾನ್ಯ ಮೈಸೂರಿನ ತಿಂಡಿಬೀದಿಯಲ್ಲಿ ಹೆಸರಿಗೂ ಸಿಗಲಿಲ್ಲ. ಇದನ್ನು ಮೊದಲು ನಾನು ನಗರದವರ ತಾತ್ಸಾರವೆಂದೇ ಎಣಿಸುವುದರಲ್ಲಿದ್ದೆ. ಮುದುಕಿಯ ಮಾತು ಬೇರೆಯ ದಾರಿ ತೋರಿತು. ತಿಂಡಿ ನಡೆಯುವವನದು, ಊಟ ಕುಳಿತವನದು. ದೋಸೆಯನ್ನು ಮುರಿದು ತಿಂದು ಕೈಯೊರಸಿಕೊಂಡು ಹೊರಡಬಹುದು. ಎಸರು ಮರಳಿ, ಹಿಟ್ಟು ಬೆಂದು, ಕೋಲಿನಿಂದ ಗಂಟಿಲ್ಲದಂತೆ ತೊಳಸಿ, ಬಿಸಿಬಿಸಿಯಾಗಿ ಕಟ್ಟಿದ ಮುದ್ದೆಯನ್ನು ಹುರುಳಿಯ ಸಾರಿನಲ್ಲಿ ಹೊರಳಿಸಿ, ಹಲ್ಲಿಗೆ ತಾಕಿಸದೆ ನುಂಗಬೇಕಾದರೆ ನೆಲ ಬೇಕು, ಹೊತ್ತು ಬೇಕು, ಬಡಿಸುವ ಕೈ ಬೇಕು. ನಗರದ ಮಿಲಿಟರಿ ಹೋಟೆಲುಗಳಲ್ಲಿ ಮುದ್ದೆ ಸಿಗುವುದುಂಟು. ಅಲ್ಲಿಯೂ ಜನ ಕುಳಿತೇ ಉಣ್ಣುತ್ತಾರೆ ಎಂಬುದು ಗಮನಾರ್ಹ.

ಹಾಗೆಂದು ನಮ್ಮ ಹಳ್ಳಿಗಾಡಿಗೆ ಬೀದಿಯ ತಿನಿಸು ಇಲ್ಲವೆಂದಲ್ಲ. ಸಂತೆಯ ದಿನ ಕಡಲೆಪುರಿ, ಖಾರಸೇವೆ. ಜಾತ್ರೆಯಲ್ಲಿ ಬೆಂಡು ಬತ್ತಾಸು. ಕಬ್ಬರೆಯುವ ಕಾಲದಲ್ಲಿ ಆಲೆಮನೆಯ ಹಾಲೂ ಬಿಸಿಬೆಲ್ಲವೂ. ಕೃಷ್ಣರಾಜಸಾಗರದ ನಾಲೆಗಳು ಹರಿದು, 1933ರಲ್ಲಿ ಮಂಡ್ಯದಲ್ಲಿ ಸಕ್ಕರೆ ಕಾರ್ಖಾನೆ ನಿಂತ ಮೇಲೆ ಜಿಲ್ಲೆಯ ಮಾತಿನಲ್ಲಿಯೇ ಕಬ್ಬಿನ ಸಿಹಿ ಸೇರಿತು. ಮದ್ದೂರಿನ ವಡೆ ರೈಲಿನ ಅವಸರದಲ್ಲಿಯೇ ಹುಟ್ಟಿತೆಂದು ಹೇಳುತ್ತಾರೆ. 1917ರ ಸುಮಾರಿಗೆ ನಿಲ್ದಾಣದಲ್ಲಿ ತಿಂಡಿ ಮಾರುತ್ತಿದ್ದವರಿಗೆ ಪಕೋಡ ಕರಿಯುವಷ್ಟು ಹೊತ್ತು ಸಿಗದೆ, ಹಿಟ್ಟನ್ನು ತಟ್ಟಿ ಚಪ್ಪಟೆ ಮಾಡಿ ಎಣ್ಣೆಗೆ ಬಿಟ್ಟರಂತೆ. ಕಥೆ ಹೇಗೇ ಇರಲಿ, ಅದರೊಳಗಿನ ತಿಳಿವು ನಿಜವಾದದ್ದು: ಬೀದಿಯ ತಿನಿಸಿನ ತಾಯಿ ಅವಸರ. ಮುದ್ದೆಯ ತಾಯಿ ಬಿಡುವು. ಅದೂ ದುಡಿದು ಬಂದವನ ಬಿಡುವು.

ಕನಕದಾಸರ ರಾಮಧಾನ್ಯ ಚರಿತೆಯನ್ನು ಓದಿದವರಿಗೆ ಈ ವ್ಯಾಜ್ಯದ ಹಳೆಯ ರೂಪ ಗೊತ್ತು. ವ್ರೀಹಿಗೂ ನರೆದಲಗಕ್ಕೂ, ಎಂದರೆ ಭತ್ತಕ್ಕೂ ರಾಗಿಗೂ, ಯಾರು ಮೇಲೆಂದು ಜಗಳ ಬಿದ್ದಾಗ ಶ್ರೀರಾಮನು ಎರಡನ್ನೂ ಆರು ತಿಂಗಳು ಸೆರೆಯಲ್ಲಿಡಿಸುತ್ತಾನೆ. ತೆಗೆದು ನೋಡಿದಾಗ ಭತ್ತ ಕಳೆಗುಂದಿತ್ತು. ರಾಗಿ ಹಾಗೆಯೇ ಇತ್ತು. ಹಗೇವಿನಲ್ಲಿ ವರ್ಷಗಟ್ಟಲೆ ಕೆಡದೆ ಉಳಿಯುವ ಧಾನ್ಯವನ್ನು ಕಂಡು ಬದುಕಿದ ಕವಿಗೆ ಮಾತ್ರ ಇಂಥ ತೀರ್ಪು ಹೊಳೆಯಬಲ್ಲದು. 2023ನ್ನು ವಿಶ್ವಸಂಸ್ಥೆ ಸಿರಿಧಾನ್ಯಗಳ ವರ್ಷವೆಂದು ಸಾರಿತು. ಈಗ ರಾಗಿಗೆ ಅಂಗಡಿಯ ಗಾಜಿನ ಕಪಾಟಿನಲ್ಲಿ ಜಾಗ ಸಿಕ್ಕಿದೆ. ಬಿಸ್ಕತ್ತಾಗಿ, ಮಾಲ್ಟಾಗಿ ಬಣ್ಣದ ಚೀಲ ತೊಟ್ಟಿದೆ. ಸಂತೋಷವೇ. ಆದರೆ ಧಾನ್ಯಕ್ಕೆ ಸಂದ ಮನ್ನಣೆ ಅದನ್ನು ಬೆಳೆದು, ಬೀಸಿ, ತೊಳಸಿ, "ಸಾಕಾ ಬೇಕಾ" ಎಂದು ಕೇಳಿದವರಿಗೆ ಸಂದಿತೇ ಎಂಬ ಪ್ರಶ್ನೆ ಉಳಿದೇ ಇದೆ. ನಮ್ಮ ಕಡೆಯ ಮನೆಗಳಲ್ಲಿಯೇ ಪಟ್ಟಣದ ನಂಟರು ಬಂದರೆ ಮುದ್ದೆಯನ್ನು ಒಳಗಿಟ್ಟು ಪೂರಿಯನ್ನು ಹೊರಗೆ ತರುವುದುಂಟು. ರಾಗಿಯನ್ನು ಸೆರೆಯಲ್ಲಿಟ್ಟವರು ನಗರದವರು ಮಾತ್ರವೇ ಅಲ್ಲ.

ಕಿಕ್ಕೇರಿಗೆ ಬರುವವರಲ್ಲಿ ಕೆಲವರು ಬ್ರಹ್ಮೇಶ್ವರನ ಗುಡಿಯ ಶಿಲ್ಪವನ್ನು ನೋಡಲು ಬರುತ್ತಾರೆ. ಮತ್ತೆ ಕೆಲವರು 1942ರ 'ಮೈಸೂರು ಮಲ್ಲಿಗೆ'ಯ ಕವಿ ಕೆ. ಎಸ್. ನರಸಿಂಹಸ್ವಾಮಿಯವರು 1915ರಲ್ಲಿ ಹುಟ್ಟಿದ ಊರೆಂದು ಅರಸಿ ಬರುತ್ತಾರೆ. ಗುಡಿ ನೋಡಿ, ಚಿತ್ರ ತೆಗೆದುಕೊಂಡು, ಊಟದ ಹೊತ್ತಿಗೆ ಬೇರೆ ಊರು ಸೇರುತ್ತಾರೆ. ಹೊಸಿಲೊಳಗಿನ ಒಲವನ್ನು ಹಾಡಿದ ಕವಿಯ ಊರಿನಲ್ಲಿ ಒಂದು ಮನೆಯ ಹೊಸಿಲನ್ನೂ ದಾಟದೆ ಹೋಗುವುದು ಅವರ ತಪ್ಪಲ್ಲ. ಕರೆಯುವ ರೂಢಿಯನ್ನು ನಾವು ಇನ್ನೂ ಕಲಿತಿಲ್ಲ.

ಹೊಯಿ ಆನಿನಿಂದಲೂ ಮೈಸೂರಿನಿಂದಲೂ ನಾವು ಕಲಿಯಬೇಕಾದದ್ದು ಇದನ್ನೇ. ಅವರಿಗೆ ತಮ್ಮ ಬೀದಿಯ ಬಗ್ಗೆ ನಾಚಿಕೆಯಿಲ್ಲ. ತಮ್ಮ ಬಾವಿಯ ನೀರಿಗೂ ತಮ್ಮ ಬಾಣಲೆಗೂ ಅವರು ಒಂದು ಕಥೆ ಕಟ್ಟಿ, ಬಂದವರಿಗೆ ಹೇಳಿ, ನಾಲ್ಕು ಮನೆಗಳ ಒಲೆ ಉರಿಯುವಂತೆ ಮಾಡಿದ್ದಾರೆ. ನಮ್ಮ ಸೀಮೆಯ ನಡಿಗೆ ಮಾತ್ರ ಬೀದಿಯಲ್ಲಿ ಮುಗಿಯತಕ್ಕದ್ದಲ್ಲ. ಗುಡಿಯ ಮುಂದೆ ಹೊರಟು, ಸಂತೆಯಲ್ಲಿ ಬಾಯಾಡಿಸಿ, ಆಲೆಮನೆಯಲ್ಲಿ ಬೆಲ್ಲ ನೆಕ್ಕಿ, ಕೊನೆಗೆ ಒಂದು ಮನೆಯ ಜಗಲಿಯಲ್ಲಿ ಕುಳಿತು ಮುಗಿಯಬೇಕು. ಸೊಗಡವರೆಯ ಕಾಲವಾದರೆ ಇನ್ನೂ ಲೇಸು. ಊಟಕ್ಕೆ ತಕ್ಕ ಬೆಲೆಯನ್ನು ಆ ಮನೆಯ ಹೆಣ್ಣುಮಗಳ ಕೈಗೇ ಕೊಡಬೇಕು, ಸಂಕೋಚವಿಲ್ಲದೆ ಆಕೆ ಅದನ್ನು ತೆಗೆದುಕೊಳ್ಳಬೇಕು. ಬಂದವರು ಮೊದಲನೆಯ ತುತ್ತನ್ನು ಅಗಿಯಲು ಹೋಗಿ ಹಲ್ಲಿಗೆ ಅಂಟಿಸಿಕೊಂಡು ನಗಲಿ. ಎರಡನೆಯ ತುತ್ತಿಗೆ ನುಂಗುವುದನ್ನು ಕಲಿತಾರು. ಮೂರನೆಯದಕ್ಕೆ, ಸಾಕಾ ಬೇಕಾ ಎಂದು ಒಳಗಿನಿಂದ ಕೇಳುವ ದನಿ ಯಾವ ಭಾಷೆಯವರಿಗೂ ತಾನಾಗಿಯೇ ಅರ್ಥವಾಗುತ್ತದೆ.